ಒಂದು ಪಿಸಿ, ಮೂರು ಕಾಯಿಲೆ: ಗೇಮ್ ನಿಲ್ಲುತ್ತಿದ್ದ ಮಷೀನ್ ರಿಪೇರಿ ಮಾಡಿದ ಬಗೆ

ಈ ಪಿಸಿ ನನ್ನ ಕೈಗೆ ಬಂದಾಗ ಅದರ ಜೊತೆ ಬಂದ ದೂರು ಒಂದೇ ಸಾಲು: “ಗೇಮ್ ಹ್ಯಾಂಗ್ ಆಗುತ್ತೆ.” ವಿಂಡೋಸ್ ಆಗಲೇ ಹೊಸದಾಗಿ ಹಾಕಿದ್ದರು. ಗ್ರಾಫಿಕ್ಸ್ ಡ್ರೈವರ್ ಕೂಡ ಹೊಸದೇ. ಗೇಮ್ ಒಳಗಿನ ಸೆಟ್ಟಿಂಗ್ ಎಲ್ಲವೂ ಲೋ. ಇಷ್ಟೆಲ್ಲಾ ಮಾಡಿದರೂ ಒಂದು ಚೂರೂ ಸುಧಾರಿಸಿರಲಿಲ್ಲ. ಆರು ಕೋರ್ ಪ್ರೊಸೆಸರ್, 8 ಜಿಬಿಯ ಎರಡು ಡಿಡಿಆರ್4 ರ‍್ಯಾಮ್ (ಪಿಸಿಯ ತಾತ್ಕಾಲಿಕ ಮೆಮೊರಿ) ಸ್ಟಿಕ್, 8 ಜಿಬಿ ಮೆಮೊರಿ ಇರುವ ಗ್ರಾಫಿಕ್ಸ್ ಕಾರ್ಡ್, 650 ವ್ಯಾಟ್ ಪವರ್ ಸಪ್ಲೈ, ವಿಂಡೋಸ್‌ಗೆ ಎಸ್‌ಎಸ್‌ಡಿ, ಗೇಮ್‌ಗಳಿಗೆ ಒಂದು ಹಳೇ ಹಾರ್ಡ್ ಡಿಸ್ಕ್. ಕಾಗದದ ಮೇಲೆ ನೋಡಿದರೆ ಆರಾಮಾಗಿ ಓಡಬೇಕಾದ ಮಷೀನ್.

ಮೊದಲು ಏನನ್ನೂ ಮುಟ್ಟಲಿಲ್ಲ. ಗೇಮ್ ಹೇಗೆ ಸಾಯುತ್ತದೆ ಅಂತ ಕಣ್ಣಾರೆ ನೋಡಬೇಕಿತ್ತು. ಗೇಮ್ ಮುಚ್ಚಿಕೊಂಡು ಡೆಸ್ಕ್‌ಟಾಪ್‌ಗೆ ಬಂದು ಬೀಳುತ್ತದಾ? ಚಿತ್ರ ನಿಂತು ಸದ್ದು ಮಾತ್ರ ಟರ್ರ್ ಅಂತ ಸುತ್ತುತ್ತದಾ? ಸ್ಕ್ರೀನ್ ಕಪ್ಪಾಗಿ ಕಾರ್ಡಿನ ಫ್ಯಾನ್ ಜೋರಾಗಿ ಓಡುತ್ತದಾ? ಇಲ್ಲ, ಕರೆಂಟ್ ಹೋದ ಹಾಗೆ ಇಡೀ ಪಿಸಿ ಆಫ್ ಆಗಿ ತಾನೇ ಮತ್ತೆ ಆನ್ ಆಗುತ್ತದಾ? ಇವೆಲ್ಲಾ ಆಡುವವನಿಗೆ ಒಂದೇ ತರದ ತಲೆನೋವು, ಆದರೆ ರಿಪೇರಿ ಮಾಡುವವನಿಗೆ ನಾಲ್ಕು ಬೇರೆ ಬೇರೆ ದಾರಿ. ಡೆಸ್ಕ್‌ಟಾಪ್‌ಗೆ ಬಿದ್ದರೆ ಫೈಲ್, ಮೆಮೊರಿ ಅಥವಾ ಗೇಮಿನದೇ ಬಗ್ ಕಡೆ ನೋಡಬೇಕು. ಪಿಸಿಯೇ ಆಫ್ ಆದರೆ ಗೇಮ್‌ನ ಸೆಟ್ಟಿಂಗ್ ತಿರುಗಿಸುತ್ತಾ ಕೂರುವುದು ಸುಮ್ನೆ ಟೈಮ್ ವೇಸ್ಟ್.

ಈ ಮಷೀನ್‌ನಲ್ಲಿ ಮೂರು ತರ ಕಂಡಿತು. ಕೆಲವು ಸಲ ಡೆಸ್ಕ್‌ಟಾಪ್‌ಗೆ ಬೀಳುವುದು, ಕೆಲವು ಸಲ ಪೂರ್ತಿ ರೀಸ್ಟಾರ್ಟ್, ಇವೆರಡೂ ಇಲ್ಲದಾಗ ನಡುನಡುವೆ ತಡವರಿಸುವುದು. ಒಂದೇ ಕಾಯಿಲೆ ಮೂರು ರೂಪದಲ್ಲಿ ಕಾಣುತ್ತಿದೆಯೋ, ಮೂರು ಕಾಯಿಲೆ ಒಟ್ಟಿಗೆ ಇದೆಯೋ ಅನ್ನೋದೇ ಇಲ್ಲಿ ಪ್ರಶ್ನೆ. ಹಿಂದೆ ಕೈ ಹಾಕಿದವರೆಲ್ಲ ಒಂದೇ ಅಂದುಕೊಂಡಿದ್ದರು. ಒಂದನ್ನು ಸರಿ ಮಾಡಿ, ಇನ್ನೊಂದು ಹಾಗೇ ಇರುವುದನ್ನು ನೋಡಿ, “ಇದಲ್ಲ ಕಾರಣ” ಅಂತ ವಾಪಸ್ ಮೊದಲಿನ ಹಾಗೆ ಮಾಡಿಬಿಟ್ಟಿದ್ದರು ಅಂತ ಆಮೇಲೆ ಗೊತ್ತಾಯಿತು.

ಲಾಗ್ ಏನು ಹೇಳಿತು

ಪಿಸಿಯಲ್ಲಿ ನಡೆದದ್ದನ್ನೆಲ್ಲ ಬರೆದಿಡುವ ವಿಂಡೋಸ್‌ನ ಈವೆಂಟ್ ವ್ಯೂವರ್ ತೆರೆದು ಸಿಸ್ಟಮ್ ಮತ್ತು ಅಪ್ಲಿಕೇಶನ್ ಲಾಗ್ ಎರಡನ್ನೂ ನೋಡಿದೆ. ಅಲ್ಲಿ ಸಾವಿರಾರು ಸಾಲು ಇರುತ್ತವೆ, ಹಳದಿ ಕೆಂಪು ಗುರುತು ನೋಡಿ ಗಾಬರಿ ಆಗಬೇಡಿ, ಆರೋಗ್ಯವಾಗಿರುವ ಪಿಸಿಯಲ್ಲೂ ಅವು ಇದ್ದೇ ಇರುತ್ತವೆ. ಗೇಮ್ ನಿಂತ ಹೊತ್ತಿಗೆ ಸರಿಯಾಗಿ ಏನು ಬರೆದಿದೆ ಅನ್ನೋದಷ್ಟೇ ಮುಖ್ಯ. ಅದಕ್ಕೇ ಪಕ್ಕದಲ್ಲಿ ಒಂದು ಹಾಳೆ ಇಟ್ಟುಕೊಂಡು ನಿಂತ ಸಮಯ, ಆಗ ಗೇಮ್‌ನಲ್ಲಿ ಏನು ನಡೆಯುತ್ತಿತ್ತು, ಹೇಗೆ ನಿಂತಿತು ಅಂತ ಬರೆದುಕೊಳ್ಳುತ್ತಾ ಹೋದೆ.

ರೀಸ್ಟಾರ್ಟ್ ಆದ ಸಮಯಕ್ಕೆ ಕರ್ನಲ್-ಪವರ್ 41 ಇತ್ತು. ಇದು ಬರೀ “ಪಿಸಿ ಸರಿಯಾಗಿ ಶಟ್‌ಡೌನ್ ಆಗಲಿಲ್ಲ” ಅನ್ನುವ ವರದಿ, ಕಾರಣ ಅಲ್ಲ. ಆದರೆ ಅದರ ಡಿಟೇಲ್ಸ್ ಒಳಗೆ ಬಗ್‌ಚೆಕ್ ಕೋಡ್ ಅಂತ ಒಂದು ಸಾಲು ಇರುತ್ತದೆ. ಅಲ್ಲಿ ಸೊನ್ನೆ ಅಲ್ಲದ ನಂಬರ್ ಇದ್ದರೆ ಬ್ಲೂ ಸ್ಕ್ರೀನ್ ಆಗಿದೆ ಅಂತ ಅರ್ಥ. ಇಲ್ಲಿ ಸೊನ್ನೆ ಇತ್ತು. ಅಂದರೆ ಬ್ಲೂ ಸ್ಕ್ರೀನ್ ಬರೆದುಕೊಳ್ಳುವಷ್ಟು ಸಮಯವೂ ವಿಂಡೋಸ್‌ಗೆ ಸಿಕ್ಕಿಲ್ಲ. ಪವರ್ ಕಡೆ ಒಂದು ಗುರುತು ಹಾಕಿಕೊಂಡೆ.

ಡೆಸ್ಕ್‌ಟಾಪ್‌ಗೆ ಬಿದ್ದಾಗ ಅಪ್ಲಿಕೇಶನ್ ಎರರ್ 1000. ಅದರಲ್ಲಿ ಯಾವ ಮಾಡ್ಯೂಲ್ ತಪ್ಪು ಮಾಡಿತು ಅಂತ ಹೆಸರು ಇರುತ್ತದೆ. ಒಂದು ಸಲ ಗೇಮ್‌ನದೇ ಫೈಲ್, ಇನ್ನೊಂದು ಸಲ ವಿಂಡೋಸ್‌ನ ಎನ್‌ಟಿಡಿಎಲ್‌ಎಲ್ ಅನ್ನುವ ಮೂಲ ಫೈಲ್, ಮತ್ತೊಂದು ಸಲ ಗ್ರಾಫಿಕ್ಸ್ ಡ್ರೈವರ್. ಪ್ರತಿ ಸಲ ಒಂದೇ ಹೆಸರು ಬಂದರೆ ಆ ಫೈಲನ್ನೋ ಆ ಡ್ರೈವರನ್ನೋ ಹಿಡಿಯಬಹುದು. ಪ್ರತಿ ಸಲ ಬೇರೆಯವರ ಹೆಸರು ಹೇಳುತ್ತಿದ್ದರೆ ನನ್ನ ಅನುಮಾನ ಸೀದಾ ರ‍್ಯಾಮ್ ಮೇಲೆ ಹೋಗುತ್ತದೆ.

ಮೂರನೆಯದು ಡಿಸ್ಕ್ 153. ಓದುವ ಅಥವಾ ಬರೆಯುವ ಕೆಲಸ ಮೊದಲ ಸಲ ಆಗದೆ ಮತ್ತೆ ಪ್ರಯತ್ನಿಸಬೇಕಾಯಿತು ಅಂತ ಅದರ ಅರ್ಥ. ಗೇಮ್ ಇರುವ ಹಾರ್ಡ್ ಡಿಸ್ಕ್‌ನದೇ ಹೆಸರು.

ಇಲ್ಲಿಗೆ ಮೂರು ಬೇರೆ ಕಾಯಿಲೆ ಅಂತ ಬಹುತೇಕ ಖಾತ್ರಿಯಾಯಿತು. ಯಾವುದನ್ನು ಮೊದಲು ಹಿಡಿಯೋದು? ನನ್ನ ಪ್ರಕಾರ ಯಾವಾಗಲೂ ರ‍್ಯಾಮ್. ರ‍್ಯಾಮ್ ಸುಳ್ಳು ಹೇಳುತ್ತಿದ್ದರೆ ಆಮೇಲೆ ಮಾಡುವ ಯಾವ ಪರೀಕ್ಷೆಯನ್ನೂ ನಂಬುವ ಹಾಗಿಲ್ಲ, ಹೊಸದಾಗಿ ಹಾಕಿದ ವಿಂಡೋಸ್ ಕೂಡ ಹಾಳಾಗಿಯೇ ಕೂತಿರಬಹುದು.

ರ‍್ಯಾಮ್

ಮೆಮೊರಿ ಟೆಸ್ಟ್‌ಗೆ ಮುಂಚೆ ಒಂದು ಸುಲಭದ ಪರೀಕ್ಷೆ ಇದೆ. ಸ್ಟೀಮ್‌ನಲ್ಲಿ ಗೇಮ್‌ನ ಪ್ರಾಪರ್ಟೀಸ್‌ಗೆ ಹೋಗಿ, ಇನ್‌ಸ್ಟಾಲ್ಡ್ ಫೈಲ್ಸ್ ಅಡಿಯಲ್ಲಿ ಫೈಲ್ ವೆರಿಫೈ ಮಾಡುವ ಬಟನ್ ಒತ್ತುವುದು. ಬೇರೆ ಲಾಂಚರ್‌ಗಳಲ್ಲೂ ಇದು ರಿಪೇರಿ ಅಥವಾ ವೆರಿಫೈ ಅನ್ನುವ ಹೆಸರಲ್ಲಿ ಇರುತ್ತದೆ. ಮಾಡಿದೆ. ಎರಡು ಫೈಲ್ ಕೆಟ್ಟಿದೆ ಅಂದಿತು, ಡೌನ್‌ಲೋಡ್ ಮಾಡಿ ಸರಿ ಮಾಡಿಕೊಂಡಿತು. ಹೆಚ್ಚಿನವರು ಇಲ್ಲಿಗೆ ನಿಲ್ಲಿಸುತ್ತಾರೆ. ನಾನು ತಕ್ಷಣ ಇನ್ನೊಂದು ಸಲ ವೆರಿಫೈ ಕೊಟ್ಟೆ. ಈಗ ಬೇರೆ ಒಂದು ಫೈಲ್ ಕೆಟ್ಟಿದೆ ಅಂತ ಬಂತು. ನಡುವೆ ಗೇಮ್ ತೆರೆದೇ ಇಲ್ಲ! ಡಿಸ್ಕ್ ಕಾರಣ ಇರಬಹುದಾ ಅಂತ ಗೇಮನ್ನು ಎಸ್‌ಎಸ್‌ಡಿಗೆ ಸರಿಸಿ ಮತ್ತೆ ವೆರಿಫೈ ಮಾಡಿದೆ. ಅಲ್ಲೂ ಅದೇ ಕಥೆ. ಫೈಲ್ ಸರಿಯಾಗಿಯೇ ಇದೆ, ಓದಿ ಲೆಕ್ಕ ಹಾಕುವ ಜಾಗದಲ್ಲಿ ಎಡವಟ್ಟು ಅಂತ ಇದರ ಅರ್ಥ. ಗೇಮನ್ನು ವಾಪಸ್ ಹಾರ್ಡ್ ಡಿಸ್ಕ್‌ಗೇ ಹಾಕಿದೆ.

ಆಮೇಲೆ ಮೆಮ್‌ಟೆಸ್ಟ್86 ಪ್ಲಸ್ ಅನ್ನು ಪೆನ್‌ಡ್ರೈವ್‌ಗೆ ಹಾಕಿ ಬೂಟ್ ಮಾಡಿದೆ. ಇದು ಉಚಿತ, ವಿಂಡೋಸ್ ಹೊರಗೆ ಓಡುತ್ತದೆ. ಬೂಟ್ ಆಗದಿದ್ದರೆ ಬಯೋಸ್‌ನಲ್ಲಿ (ಮದರ್‌ಬೋರ್ಡ್‌ನ ಮೂಲ ಸೆಟ್ಟಿಂಗ್) ಸೆಕ್ಯೂರ್ ಬೂಟ್ ಅನ್ನುವ ರಕ್ಷಣೆ ಆಫ್ ಮಾಡಬೇಕಾಗುತ್ತದೆ. ಅದಕ್ಕೂ ಮುಂಚೆ, ಡಿಸ್ಕ್ ಬಿಟ್‌ಲಾಕರ್‌ನಲ್ಲಿ ಲಾಕ್ ಆಗಿದ್ದರೆ ರಿಕವರಿ ಕೀ ಎಲ್ಲಿದೆ ಅಂತ ಖಂಡಿತ ನೋಡಿಕೊಳ್ಳಿ, ಇಲ್ಲದಿದ್ದರೆ ಗೇಮ್ ರಿಪೇರಿಗೆ ಕೂತವರು ಇಡೀ ಡಿಸ್ಕ್ ಕಳೆದುಕೊಂಡು ಏಳಬೇಕಾದೀತು. ಕೆಲಸ ಮುಗಿದ ಮೇಲೆ ಸೆಕ್ಯೂರ್ ಬೂಟ್ ವಾಪಸ್ ಆನ್ ಮಾಡಿ. ವ್ಯಾಲೊರಂಟ್‌ನಂಥ ಗೇಮ್ ವಿಂಡೋಸ್ 11ರಲ್ಲಿ ಅದಿಲ್ಲದೆ ಓಡುವುದಿಲ್ಲ.

ಮೊದಲ ಸುತ್ತು ಮುಗಿಯುವ ಮುಂಚೆಯೇ ಕೆಂಪು ಸಾಲು ಶುರು. ಆ ಸಾಲನ್ನು ಒಮ್ಮೆ ಸರಿಯಾಗಿ ನೋಡಬೇಕು. ಯಾವ ವಿಳಾಸ, ಏನು ಬರೆದಿದ್ದು, ಓದಿದಾಗ ಏನು ಸಿಕ್ಕಿದ್ದು ಅಂತ ಪಕ್ಕಪಕ್ಕದಲ್ಲೇ ಇರುತ್ತದೆ. ಎರಡಕ್ಕೂ ನಡುವೆ ಒಂದೇ ಒಂದು ಬಿಟ್ ವ್ಯತ್ಯಾಸ. ಸೊನ್ನೆ ಇರಬೇಕಾದ ಕಡೆ ಒಂದು. ಇಷ್ಟೇ. ಆ ಜಾಗದಲ್ಲಿ ಹುಲ್ಲಿನ ಬಣ್ಣ ಇದ್ದರೆ ಯಾರಿಗೂ ಗೊತ್ತಾಗುವುದಿಲ್ಲ. ಮುಂದೆ ಎಲ್ಲಿಗೆ ಹೋಗಬೇಕು ಅನ್ನುವ ಪಾಯಿಂಟರ್ ಇದ್ದರೆ ಗೇಮ್ ಅಲ್ಲೇ ಢಮಾರ್. ಹಾಗಾಗಿಯೇ ಒಂದೊಂದು ಸಲ ತುಂಬಾ ಹೊತ್ತು ಆರಾಮಾಗಿ ಆಡಿ, ಇನ್ನೊಂದು ಸಲ ಮೆನುವಿನಲ್ಲೇ ಬೀಳುತ್ತಿತ್ತು.

ರ‍್ಯಾಮ್‌ನ ಪೆಟ್ಟಿಗೆ ಮೇಲೆ 3600 ಅಂತ ಇದ್ದರೂ ಅದು ತಾನಾಗಿ ಆ ವೇಗದಲ್ಲಿ ಓಡುವುದಿಲ್ಲ. ಬಯೋಸ್‌ನಲ್ಲಿ ಎಕ್ಸ್‌ಎಂಪಿ ಅನ್ನುವ ಸೆಟ್ಟಿಂಗ್ ಆನ್ ಮಾಡಿದಾಗ ಮಾತ್ರ ಆ ವೇಗ. ಮಾರುವವರೇ ಬರೆದಿದ್ದರೂ ಇದು ಒಂದು ತರ ಓವರ್‌ಕ್ಲಾಕ್ (ನಿಗದಿಗಿಂತ ಜಾಸ್ತಿ ವೇಗದಲ್ಲಿ ಓಡಿಸುವುದು) ಅನ್ನೋದನ್ನು ಮರೆಯಬಾರದು, ಪ್ರೊಸೆಸರ್ ಒಳಗಿರುವ ಮೆಮೊರಿ ಕಂಟ್ರೋಲರ್ ಮತ್ತು ಮದರ್‌ಬೋರ್ಡ್ ಎರಡೂ ಅದನ್ನು ತಡೆದುಕೊಳ್ಳಬೇಕು. ಎಕ್ಸ್‌ಎಂಪಿ ಆಫ್ ಮಾಡಿ ಟೆಸ್ಟ್ ಮಾಡಿದೆ. ಒಂದೂ ಎರರ್ ಇಲ್ಲ. ಮತ್ತೆ ಆನ್ ಮಾಡಿ ಒಂದೊಂದೇ ಸ್ಟಿಕ್ ಹಾಕಿ ನೋಡಿದೆ. ಬಿಡಿಯಾಗಿ ಎರಡೂ ಪಾಸ್! ಒಟ್ಟಿಗೆ ಹಾಕಿದರೆ ಫೇಲ್.

ಸ್ಟಿಕ್ಕರ್ ಹತ್ತಿರದಿಂದ ನೋಡಿದಾಗ ವಿಷಯ ಗೊತ್ತಾಯಿತು. ಕಂಪನಿ ಒಂದೇ, ಮಾಡೆಲ್ ಒಂದೇ, ವೇಗ ಒಂದೇ, ಆದರೆ ಕೆಳಗೆ ಸಣ್ಣಕ್ಷರದ ವರ್ಷನ್ ನಂಬರ್ ಬೇರೆ. ಬೇರೆ ಬೇರೆ ಸಮಯಕ್ಕೆ ಒಂದೊಂದಾಗಿ ಕೊಂಡ ಸ್ಟಿಕ್‌ಗಳು. ಹೊರಗಿನ ಹೆಸರು ಒಂದೇ ಇದ್ದರೂ ಒಳಗಿನ ಚಿಪ್ ಬೇರೆ ಇರಬಹುದು, ಅದಕ್ಕೇ ಕಿಟ್ ಆಗಿ, ಅಂದರೆ ಒಂದೇ ಡಬ್ಬಿಯ ಜೋಡಿಯಾಗಿ ಕೊಳ್ಳಬೇಕು ಅಂತ ಹೇಳೋದು. ಜೊತೆಗೆ ಅವನ್ನು ಒಂದನೇ ಮತ್ತು ಮೂರನೇ ಸ್ಲಾಟ್‌ಗೆ ಹಾಕಿದ್ದರು. ನಾಲ್ಕು ಸ್ಲಾಟ್ ಇರುವ ಹೆಚ್ಚಿನ ಬೋರ್ಡ್‌ಗಳಲ್ಲಿ ಎರಡೇ ಸ್ಟಿಕ್ ಇದ್ದರೆ ಪ್ರೊಸೆಸರ್ ಕಡೆಯಿಂದ ಎಣಿಸಿ ಎರಡನೇ ಮತ್ತು ನಾಲ್ಕನೇ ಸ್ಲಾಟ್ ಬಳಸಬೇಕು, ಮ್ಯಾನ್ಯುಯಲ್‌ನಲ್ಲಿ ಚಿತ್ರ ಸಮೇತ ಇರುತ್ತದೆ. ಅಲ್ಲಿಗೆ ಸರಿಸಿದ ಮೇಲೆ ಎರರ್ ಕಡಿಮೆಯಾಯಿತು, ಆದರೆ ಪೂರ್ತಿ ಹೋಗಲಿಲ್ಲ. ವೇಗವನ್ನು 3200ಕ್ಕೆ ಇಳಿಸಿ ರಾತ್ರಿ ಇಡೀ ಟೆಸ್ಟ್ ಓಡಲು ಬಿಟ್ಟೆ. ಬೆಳಿಗ್ಗೆ ಕೆಂಪು ಸಾಲು ಒಂದೂ ಇಲ್ಲ. 3600ಕ್ಕೂ 3200ಕ್ಕೂ ಆಡುವಾಗ ಗೊತ್ತಾಗುವ ವ್ಯತ್ಯಾಸ ತುಂಬಾ ಕಡಿಮೆ. ಬೀಳುವ ಪಿಸಿಗೂ ಬೀಳದ ಪಿಸಿಗೂ ಇರುವ ವ್ಯತ್ಯಾಸ ಮಾತ್ರ ಚೆನ್ನಾಗಿ ಗೊತ್ತಾಗುತ್ತದೆ.

ಇಲ್ಲಿಗೆ ಮುಗಿಯಲಿಲ್ಲ. ಕೆಟ್ಟ ರ‍್ಯಾಮ್ ಇದ್ದಾಗ ಹಾಕಿದ ವಿಂಡೋಸ್ ಇದು. ಕಮಾಂಡ್ ಪ್ರಾಂಪ್ಟ್ ಅಡ್ಮಿನ್ ಆಗಿ ತೆರೆದು, ವಿಂಡೋಸ್‌ನ ಫೈಲ್ ಸರಿ ಮಾಡುವ ಎರಡು ಕಮಾಂಡ್, ಮೊದಲು ಡಿಐಎಸ್‌ಎಂನ ರಿಸ್ಟೋರ್ ಹೆಲ್ತ್, ಆಮೇಲೆ ಎಸ್‌ಎಫ್‌ಸಿ ಸ್ಕ್ಯಾನ್ ಓಡಿಸಿದೆ. ಈ ಕ್ರಮದಲ್ಲೇ ಮಾಡಬೇಕು. ಎಸ್‌ಎಫ್‌ಸಿ ಸರಿ ಮಾಡಲು ಬಳಸುವ ಮೂಲ ಫೈಲ್‌ಗಳನ್ನು ಡಿಐಎಸ್‌ಎಂ ಮೊದಲು ಸರಿ ಮಾಡಿಡುತ್ತದೆ. ಕೆಲವು ಫೈಲ್ ರಿಪೇರಿ ಆಯಿತು ಅಂತ ವರದಿ ಬಂತು. ಗೇಮ್ ಮತ್ತೆ ವೆರಿಫೈ ಮಾಡಿದೆ, ಬಂದ ಫಲಿತಾಂಶ ಖಾತ್ರಿ ಮಾಡಿಕೊಳ್ಳಲು ಇನ್ನೊಂದು ಸಲವೂ ಮಾಡಿದೆ. ಎರಡೂ ಸಲ ಕ್ಲೀನ್.

ಇದೇ ಜಾತಿಯ ಇನ್ನೊಂದು ಕಾಯಿಲೆ ಇದೆ, ಈ ಮಷೀನ್‌ಗೆ ಸಂಬಂಧ ಇಲ್ಲ, ಆದರೂ ಹೇಳಿಬಿಡುತ್ತೇನೆ. ಇಂಟೆಲ್‌ನ 13 ಮತ್ತು 14ನೇ ತಲೆಮಾರಿನ ಕೆಲವು ಡೆಸ್ಕ್‌ಟಾಪ್ ಪ್ರೊಸೆಸರ್ ಇರುವವರಿಗೆ, ಅನ್‌ರಿಯಲ್ ಎಂಜಿನ್ ಗೇಮ್ ಶುರುವಾಗುವಾಗ “ವಿಡಿಯೋ ಮೆಮೊರಿ ಸಾಲದು” ಅನ್ನುವ ಎರರ್ ಬರುತ್ತಿತ್ತು. ಕಾರ್ಡಿನಲ್ಲಿ ಮೆಮೊರಿ ಬೇಕಾದಷ್ಟು ಖಾಲಿ ಇದ್ದರೂ! ತಪ್ಪು ಕಾರ್ಡಿನದಲ್ಲ, ಶೇಡರ್ (ಚಿತ್ರ ಬಿಡಿಸಲು ಕಾರ್ಡಿಗೆ ಕೊಡುವ ಸಣ್ಣ ಪ್ರೋಗ್ರಾಂ) ಬಿಚ್ಚುವಾಗ ಪ್ರೊಸೆಸರ್ ತಪ್ಪು ಲೆಕ್ಕ ಮಾಡುತ್ತಿತ್ತು. ವೋಲ್ಟೇಜ್ ಜಾಸ್ತಿ ಹೋಗಿ ಚಿಪ್ ಸವೆಯುತ್ತದೆ ಅಂತ ಇಂಟೆಲ್ 2024ರಲ್ಲಿ ಒಪ್ಪಿಕೊಂಡು, ಆಗಸ್ಟ್‌ನಿಂದ ಮೈಕ್ರೋಕೋಡ್ (ಪ್ರೊಸೆಸರ್ ಒಳಗಿನ ಕೋಡ್) ಅಪ್‌ಡೇಟ್ ಕೊಟ್ಟು, ವಾರಂಟಿಯನ್ನೂ ಎರಡು ವರ್ಷ ವಿಸ್ತರಿಸಿತು. ಆ ಚಿಪ್ ಇದ್ದರೆ ಮೊದಲು ಬಯೋಸ್ ಅಪ್‌ಡೇಟ್ ಮಾಡಿ. ಆಗಲೇ ಸವೆದ ಚಿಪ್ ಅಪ್‌ಡೇಟ್‌ನಿಂದ ಸರಿಹೋಗುವುದಿಲ್ಲ, ಬದಲಾಯಿಸಿಯೇ ತೀರಬೇಕು.

ತಾನೇ ಆಫ್ ಆಗುವುದು

ಡೆಸ್ಕ್‌ಟಾಪ್‌ಗೆ ಬೀಳುವುದು ನಿಂತಿತು. ಪಿಸಿ ರೀಸ್ಟಾರ್ಟ್ ಆಗುವುದು ನಿಲ್ಲಲಿಲ್ಲ, ನಿಲ್ಲುತ್ತದೆ ಅಂತ ನಿರೀಕ್ಷೆಯೂ ಇರಲಿಲ್ಲ.

ಹಾಳೆಯಲ್ಲಿ ಬರೆದುಕೊಂಡದ್ದು ಇಲ್ಲಿ ಕೆಲಸಕ್ಕೆ ಬಂತು. ಭಾರಿ ಯುದ್ಧದ ನಡುವೆ ಆಫ್ ಆಗಿದ್ದು ಕಡಿಮೆ. ಹೆಚ್ಚಾಗಿ ಲೋಡಿಂಗ್ ಮುಗಿದು ದೃಶ್ಯ ತೆರೆದುಕೊಳ್ಳುವ ಕ್ಷಣದಲ್ಲೋ, ಮೆನುವಿನಿಂದ ಗೇಮ್‌ಗೆ ಜಿಗಿಯುವಾಗಲೋ ಆಗುತ್ತಿತ್ತು. ಬಿಸಿ ಕಾರಣವಾಗಿದ್ದರೆ ಆಡುತ್ತಾ ಆಡುತ್ತಾ ನಿಧಾನವಾಗಿ ಏರಿ ಆಗಬೇಕಿತ್ತು ಅಲ್ವಾ? ಬಿಸಿ, ಪವರ್ ಎಲ್ಲ ಅಳೆದು ತೋರಿಸುವ ಎಚ್‌ಡಬ್ಲ್ಯೂಇನ್ಫೋದಲ್ಲಿ ಲಾಗ್ ಹಾಕಿ ನೋಡಿದಾಗ, ಆಫ್ ಆದ ಕೊನೆಯ ಸಾಲಿನಲ್ಲಿ ಪ್ರೊಸೆಸರ್ ಆಗಲಿ ಕಾರ್ಡ್ ಆಗಲಿ ಬಿಸಿ ಇರಲೇ ಇಲ್ಲ. ಇದ್ದಿದ್ದು ಪವರ್‌ನ ದಿಢೀರ್ ಏರಿಳಿತ.

ಗ್ರಾಫಿಕ್ಸ್ ಕಾರ್ಡ್ ತನ್ನ ಡಬ್ಬಿಯ ಮೇಲೆ ಬರೆದಷ್ಟೇ ವ್ಯಾಟ್ ಎಳೆಯುತ್ತದೆ ಅಂತ ಅಂದುಕೊಳ್ಳಬಾರದು. ಅದು ಸರಾಸರಿ. ಕೆಲವು ಮಿಲಿಸೆಕೆಂಡ್ ಮಟ್ಟಿಗೆ ಅದಕ್ಕಿಂತ ತುಂಬಾ ಜಾಸ್ತಿ ಎಳೆಯಬಹುದು, ಯಾವ ಮಾನಿಟರಿಂಗ್ ಸಾಫ್ಟ್‌ವೇರೂ ಅದನ್ನು ಪೂರ್ತಿಯಾಗಿ ತೋರಿಸುವಷ್ಟು ವೇಗವಾಗಿ ಓದುವುದಿಲ್ಲ. ಪವರ್ ಸಪ್ಲೈ ಒಳಗಿನ ರಕ್ಷಣೆಯ ಸರ್ಕ್ಯೂಟ್ ಇದನ್ನು ಶಾರ್ಟ್ ಅಂತ ತಿಳಿದು ಕಟ್ ಮಾಡಿಬಿಡುತ್ತದೆ. ಇದು ಎಷ್ಟು ಸಾಮಾನ್ಯ ಸಮಸ್ಯೆ ಆಯಿತೆಂದರೆ, 2022ರಲ್ಲಿ ಬಂದ ಎಟಿಎಕ್ಸ್ 3.0 ನಿಯಮದಲ್ಲಿ ಇಂಥ ಕ್ಷಣಿಕ ಏರಿಕೆಯನ್ನು ಪವರ್ ಸಪ್ಲೈ ಎಷ್ಟು ತಡೆದುಕೊಳ್ಳಬೇಕು ಅಂತಲೇ ಬರೆದರು. ಈ ಪಿಸಿಯಲ್ಲಿದ್ದದ್ದು ಅದಕ್ಕಿಂತ ಹಳೆಯದು.

ಅನುಮಾನ ಖಾತ್ರಿ ಮಾಡಿಕೊಳ್ಳಲು ಖರ್ಚಿಲ್ಲದ ದಾರಿ ಇದೆ. ಆಫ್ಟರ್‌ಬರ್ನರ್‌ನಂಥ ಟೂಲ್‌ನಲ್ಲಿ ಕಾರ್ಡಿನ ಪವರ್ ಲಿಮಿಟ್ ಅನ್ನು 70 ಪರ್ಸೆಂಟ್‌ಗೆ ಇಳಿಸಿ ಅದೇ ಜಾಗದಲ್ಲಿ ಆಡಿ ನೋಡುವುದು. ಇಳಿಸಿದೆ. ಆಫ್ ಆಗುವುದು ನಿಂತಿತು. 100ಕ್ಕೆ ಏರಿಸಿದೆ. ಮತ್ತೆ ಆಫ್. ಇದಕ್ಕಿಂತ ಸ್ಪಷ್ಟ ಸಾಕ್ಷಿ ಬೇಕಾ?

ಈಗ ಪಿಸಿ ಆಫ್ ಮಾಡಿ, ಗೋಡೆಯ ಸ್ವಿಚ್ ತೆಗೆದು, ಪಕ್ಕದ ಬಾಗಿಲು ಬಿಚ್ಚಿದೆ. ಕಾರ್ಡಿಗೆ ಎರಡು ಎಂಟು ಪಿನ್ ಕನೆಕ್ಟರ್ ಹೋಗುತ್ತದೆ. ಇಲ್ಲಿ ಪವರ್ ಸಪ್ಲೈನಿಂದ ಬಂದದ್ದು ಒಂದೇ ಕೇಬಲ್, ಅದರ ತುದಿಯಲ್ಲಿ ಕವಲೊಡೆದ ಎರಡು ತಲೆ. ಎರಡೂ ತಲೆ ಕಾರ್ಡಿಗೆ ಚುಚ್ಚಿದ್ದಾರೆ. ಒಂದೊಂದು ಎಂಟು ಪಿನ್ ಕನೆಕ್ಟರ್‌ಗೆ ನಿಗದಿ 150 ವ್ಯಾಟ್, ಸ್ಲಾಟ್‌ನಿಂದ ಇನ್ನೊಂದು 75. ಅಂದರೆ ಎರಡು ಕನೆಕ್ಟರ್‌ನ ಭಾರವೆಲ್ಲ ಒಂದೇ ಕೇಬಲ್ ಹೊರುತ್ತಿತ್ತು. ಕನೆಕ್ಟರ್ ಮೆಲ್ಲಗೆ ಎಳೆದು ಬೆಳಕಿಗೆ ಹಿಡಿದೆ. ಎಂಟು ತೂತುಗಳಲ್ಲಿ ಒಂದರ ಅಂಚಿನ ಕಪ್ಪು ಪ್ಲಾಸ್ಟಿಕ್ ಸ್ವಲ್ಪ ಕಂದು ತಿರುಗಿ, ಮೂಲೆ ಮೆತ್ತಗೆ ದುಂಡಾಗಿತ್ತು. ಒಳಗಿನ ಲೋಹದ ತೋಳು ಉಳಿದವಕ್ಕಿಂತ ಅಗಲವಾಗಿ ತೆರೆದುಕೊಂಡಿತ್ತು. ಹಿಡಿತ ಸಡಿಲವಾದರೆ ಅಲ್ಲಿ ರೆಸಿಸ್ಟೆನ್ಸ್ ಜಾಸ್ತಿ, ಅದರಿಂದ ಬಿಸಿ ಜಾಸ್ತಿ, ಬಿಸಿಯಿಂದ ಹಿಡಿತ ಇನ್ನೂ ಸಡಿಲ. ಕಾರ್ಡ್ ಕಡೆಯ ಪಿನ್‌ಗಳು ಅದೃಷ್ಟಕ್ಕೆ ಚೆನ್ನಾಗಿದ್ದವು. ಅಲ್ಲೂ ಸುಟ್ಟಿದ್ದರೆ ಸಾಕೆಟ್ ಬದಲಿಸುವ ದೊಡ್ಡ ಕೆಲಸವಾಗುತ್ತಿತ್ತು.

ಆ ಕೇಬಲ್ ಸೀದಾ ಕಸಕ್ಕೆ. ಪವರ್ ಸಪ್ಲೈನ ಜೊತೆಗೇ ಬಂದಿದ್ದ ಬೇರೆ ಎರಡು ಕೇಬಲ್ ಚೀಲದಲ್ಲಿ ಹಾಗೇ ಇತ್ತು, ಅವನ್ನು ಎರಡು ಬೇರೆ ಬೇರೆ ಸಾಕೆಟ್‌ನಿಂದ ಎಳೆದು ಒಂದೊಂದು ತಲೆ ಮಾತ್ರ ಬಳಸಿ ಹಾಕಿದೆ. ಇಲ್ಲಿ ಒಂದು ಮಾತು ಗಟ್ಟಿಯಾಗಿ ಹೇಳಬೇಕು. ಮಾಡ್ಯುಲರ್ (ಕೇಬಲ್ ಬಿಚ್ಚಿ ಹಾಕಬಹುದಾದ) ಪವರ್ ಸಪ್ಲೈನ ಕೇಬಲ್‌ಗಳಲ್ಲಿ ಕಾರ್ಡ್ ಕಡೆಯ ತುದಿ ಎಲ್ಲರದೂ ಒಂದೇ, ಆದರೆ ಪವರ್ ಸಪ್ಲೈ ಕಡೆಯ ತುದಿಗೆ ಯಾವ ನಿಯಮವೂ ಇಲ್ಲ. ಬೇರೆ ಕಂಪನಿಯ, ಕೆಲವೊಮ್ಮೆ ಅದೇ ಕಂಪನಿಯ ಬೇರೆ ಮಾಡೆಲ್‌ನ ಕೇಬಲ್ ಕೂಡ ಸರಿಯಾಗಿ ಕೂರುತ್ತದೆ, ಕೂತು 12 ವೋಲ್ಟ್ ಅನ್ನು ಹೋಗಬಾರದ ಕಡೆ ಕಳಿಸುತ್ತದೆ. ಆನ್ ಮಾಡಿದ ಕ್ಷಣಕ್ಕೆ ಡಿಸ್ಕೋ ಕಾರ್ಡೋ ಹೊಗೆ. ಡ್ರಾಯರ್‌ನಲ್ಲಿ ಸಿಕ್ಕಿದ ಕೇಬಲ್ ಅಂತ ಚುಚ್ಚಬೇಡಿ.

ಇನ್ನೊಂದು ಸಣ್ಣ ಬದಲಾವಣೆ: ಫ್ರೇಮ್ ಕ್ಯಾಪ್, ಅಂದರೆ ಸೆಕೆಂಡಿಗೆ ಬಿಡಿಸುವ ಚಿತ್ರಗಳಿಗೆ ಒಂದು ಮಿತಿ. ಲಿಮಿಟ್ ಇಲ್ಲದಿದ್ದರೆ ಕೆಲವು ಗೇಮ್‌ಗಳ ಮೆನು ಸ್ಕ್ರೀನ್ ಸೆಕೆಂಡಿಗೆ ನೂರಾರು, ಸಾವಿರಾರು ಫ್ರೇಮ್ ಬಿಡಿಸುತ್ತಾ ಕೂರುತ್ತದೆ. ಕಾರ್ಡಿನಿಂದ ಕೀಂ ಅಂತ ಸದ್ದು ಬರುವುದು ಆಗಲೇ. ಡ್ರೈವರ್‌ನ ಸೆಟ್ಟಿಂಗ್‌ನಲ್ಲೇ ಮಾನಿಟರ್‌ನ ರಿಫ್ರೆಶ್ ರೇಟ್‌ಗಿಂತ ಸ್ವಲ್ಪ ಕೆಳಗೆ ಕ್ಯಾಪ್ ಇಟ್ಟೆ. ಪವರ್ ಲಿಮಿಟ್ ಮತ್ತೆ 100. ಆಮೇಲೆ ಕರ್ನಲ್-ಪವರ್ 41 ಒಂದೂ ಹೊಸದಾಗಿ ಬಂದಿಲ್ಲ. ಪವರ್ ಸಪ್ಲೈ ಹಳೆಯದಾದ್ದರಿಂದ ಮುಂದೆ ದೊಡ್ಡ ಕಾರ್ಡ್ ಹಾಕುವಾಗ ಬದಲಿಸಿ ಅಂತ ಹೇಳಿ ಕಳಿಸುತ್ತೇನೆ, ಈಗ ಬೇಕಿಲ್ಲ.

ತಡವರಿಸುವುದು

ಎಫ್‌ಪಿಎಸ್ (ಸೆಕೆಂಡಿಗೆ ಎಷ್ಟು ಫ್ರೇಮ್) ನೋಡಿ ಇದನ್ನು ಹಿಡಿಯೋಕೆ ಆಗುವುದಿಲ್ಲ. ಒಂದು ಸೆಕೆಂಡಿನಲ್ಲಿ 59 ಫ್ರೇಮ್ ಮೊದಲ ಅರ್ಧದಲ್ಲೇ ಮುಗಿದು, ಉಳಿದ ಒಂದೇ ಫ್ರೇಮ್ ಇನ್ನರ್ಧ ಸೆಕೆಂಡ್ ಎಳೆದರೂ ಮೀಟರ್ 60 ಅಂತಲೇ ತೋರಿಸುತ್ತದೆ. ನೋಡಬೇಕಾದ್ದು ಫ್ರೇಮ್ ಟೈಮ್. 60 ಎಫ್‌ಪಿಎಸ್‌ಗೆ ಪ್ರತಿ ಫ್ರೇಮ್ 16.7 ಮಿಲಿಸೆಕೆಂಡ್, 144ಕ್ಕೆ 6.9. ಗ್ರಾಫ್ ನೇರ ಗೆರೆಯ ಹಾಗಿದ್ದರೆ ಕೈಗೆ ನುಣುಪು, ನಡುನಡುವೆ ಮುಳ್ಳು ಎದ್ದರೆ ಆ ಮುಳ್ಳೇ ನಮಗೆ ಕಾಣುವ ತಡವರಿಕೆ.

ರಿವಾ ಟ್ಯೂನರ್ ಅನ್ನುವ ಟೂಲ್‌ನ ಫ್ರೇಮ್ ಟೈಮ್ ಗ್ರಾಫ್ ಮೂಲೆಯಲ್ಲಿ ಇಟ್ಟುಕೊಂಡು ಒಂದೇ ದಾರಿಯಲ್ಲಿ ಓಡಿದೆ, ಮತ್ತೆ ವಾಪಸ್ ಬಂದು ಅದೇ ದಾರಿಯಲ್ಲಿ ಓಡಿದೆ. ಎರಡು ತರದ ಮುಳ್ಳು ಕಂಡಿತು. ಒಂದು ಮೊದಲ ಸಲ ಮಾತ್ರ ಬಂದು ಎರಡನೇ ಸಲ ಬರುವುದಿಲ್ಲ, ಹೊಸ ಬೆಂಕಿ ಹೊಸ ಸ್ಫೋಟ ಹೊಸ ಶತ್ರು ಕಂಡ ಕೂಡಲೇ ಬರುತ್ತದೆ. ಇನ್ನೊಂದು ಅದೇ ಸೇತುವೆ ದಾಟುವಾಗ ಪ್ರತಿ ಸಲವೂ ಬರುತ್ತದೆ.

ಮೊದಲನೆಯದು ಶೇಡರ್ ಕಂಪೈಲ್. ಕನ್ಸೋಲ್‌ನಲ್ಲಿ ಎಲ್ಲರ ಹಾರ್ಡ್‌ವೇರ್ ಒಂದೇ, ಶೇಡರ್ ಮೊದಲೇ ತಯಾರಾಗಿ ಬರುತ್ತದೆ. ಪಿಸಿಯಲ್ಲಿ ಒಬ್ಬೊಬ್ಬರದು ಒಂದೊಂದು ಕಾರ್ಡ್, ಒಂದೊಂದು ಡ್ರೈವರ್, ಹಾಗಾಗಿ ನಿಮ್ಮ ಮಷೀನ್‌ನಲ್ಲೇ ಅದನ್ನು ತಯಾರಿಸಬೇಕು. ಕೆಲವು ಗೇಮ್ ಶುರುವಿನಲ್ಲೇ “ಶೇಡರ್ ಸಿದ್ಧವಾಗುತ್ತಿದೆ” ಅಂತ ಕಾಯಿಸುತ್ತದೆ. ಬೇಜಾರಾದರೂ ಅದನ್ನು ಸ್ಕಿಪ್ ಮಾಡಬೇಡಿ. ಹಾಗೆ ಕಾಯಿಸದ ಗೇಮ್ ಆಡುತ್ತಿರುವಾಗಲೇ ತಯಾರಿಸುತ್ತದೆ, ಆಗ ಮುಳ್ಳು. ಡೈರೆಕ್ಟ್‌ಎಕ್ಸ್ 12 ಮತ್ತು ವಲ್ಕನ್ ಅನ್ನುವ ಗ್ರಾಫಿಕ್ಸ್ ವ್ಯವಸ್ಥೆ ಬಳಸುವ ಗೇಮ್‌ಗಳಲ್ಲಿ ಇದು ಜಾಸ್ತಿ ಕಾಣಿಸುತ್ತದೆ. ಒಮ್ಮೆ ತಯಾರಾದದ್ದು ಡಿಸ್ಕ್‌ನಲ್ಲಿ ಕ್ಯಾಶ್ ಆಗಿ ಉಳಿಯುತ್ತದೆ, ಡ್ರೈವರ್ ಬದಲಿಸುವವರೆಗೆ ಮತ್ತೆ ತೊಂದರೆ ಇಲ್ಲ.

ಇಲ್ಲಿ ಮಾತ್ರ ಪಿಸಿ ಆನ್ ಮಾಡಿದಾಗಲೆಲ್ಲ ಇದು ಹೊಸದಾಗಿ ಶುರುವಾಗುತ್ತಿತ್ತು. ಸ್ಟಾರ್ಟಪ್ ಪಟ್ಟಿ ನೋಡಿದಾಗ ಕಳ್ಳ ಸಿಕ್ಕಿದ. ಪಿಸಿಯನ್ನು “ಫಾಸ್ಟ್” ಮಾಡುತ್ತೇನೆ ಅನ್ನುವ ಒಂದು ಕ್ಲೀನರ್ ಸಾಫ್ಟ್‌ವೇರ್, ಪ್ರತಿ ಬೂಟ್‌ಗೆ ಟೆಂಪ್ ಫೈಲ್ ಜೊತೆ ಶೇಡರ್ ಕ್ಯಾಶ್ ಅನ್ನೂ ಗುಡಿಸಿ ಹಾಕುತ್ತಿತ್ತು. ರಾತ್ರಿ ರುಬ್ಬಿಟ್ಟ ಹಿಟ್ಟನ್ನು ಬೆಳಿಗ್ಗೆ ಚೆಲ್ಲಿ ಮತ್ತೆ ಅಕ್ಕಿ ನೆನೆಹಾಕಿದ ಹಾಗೆ. ಅದನ್ನು ತೆಗೆದು ಹಾಕಿದೆ. ವಿಂಡೋಸ್‌ನ ಡಿಸ್ಕ್ ಕ್ಲೀನಪ್‌ನಲ್ಲೂ ಡೈರೆಕ್ಟ್‌ಎಕ್ಸ್ ಶೇಡರ್ ಕ್ಯಾಶ್ ಅಂತ ಒಂದು ಟಿಕ್ ಇದೆ, ಕ್ಯಾಶ್ ಕೆಟ್ಟಿದೆ ಅನ್ನುವ ಅನುಮಾನ ಇದ್ದಾಗ ಮಾತ್ರ ಅದನ್ನು ಬಳಸಿ.

ಸೇತುವೆಯ ಮುಳ್ಳು ಡಿಸ್ಕ್‌ನದು. ಅಲ್ಲಿ ಗೇಮ್ ಮುಂದಿನ ಪ್ರದೇಶವನ್ನು ಓದಿಕೊಳ್ಳುತ್ತದೆ. ಹಾರ್ಡ್ ಡಿಸ್ಕ್‌ನ ಸ್ಮಾರ್ಟ್ ವಿವರ (ಡಿಸ್ಕ್ ತನ್ನ ಆರೋಗ್ಯದ ಬಗ್ಗೆ ಬರೆದಿಡುವ ಲೆಕ್ಕ) ತೆರೆದೆ. ರೀಅಲೊಕೇಟೆಡ್ ಸೆಕ್ಟರ್ ಸೊನ್ನೆ, ಪೆಂಡಿಂಗ್ ಸೆಕ್ಟರ್ ಸೊನ್ನೆ, ಅಂದರೆ ಡಿಸ್ಕ್‌ನ ಮೈ ಚೆನ್ನಾಗಿದೆ. ಸಿ7 ಅನ್ನುವ ಸಿಆರ್‌ಸಿ ಎರರ್‌ನ ಎಣಿಕೆ ಮಾತ್ರ ದೊಡ್ಡದಿತ್ತು, ಆಡಿ ಬಂದು ನೋಡಿದರೆ ಇನ್ನೂ ಏರಿತ್ತು. ಇದು ಡಿಸ್ಕ್ ಮತ್ತು ಬೋರ್ಡ್ ನಡುವಿನ ದಾರಿಯಲ್ಲಿ ಡೇಟಾ ಕೆಡುತ್ತಿದೆ ಅನ್ನುವ ಗುರುತು. ಸಾಟಾ ಕೇಬಲ್ ನೋಡಿದೆ. ಬಾಗಿಲು ಮುಚ್ಚಲು ಅನುಕೂಲ ಆಗಲಿ ಅಂತ ಚೂಪಾಗಿ ಮಡಿಚಿ ತುರುಕಿದ್ದರು. ಹೊಸ ಕೇಬಲ್ ಹಾಕಿದ ಮೇಲೆ ಎಣಿಕೆ ಅಲ್ಲೇ ನಿಂತಿತು. ಅದು ಯಾವತ್ತೂ ಕೆಳಗೆ ಇಳಿಯುವುದಿಲ್ಲ, ಏರದೇ ಇದ್ದರೆ ಸಾಕು. ಗೇಮನ್ನು ಮಾತ್ರ ಕೊನೆಗೆ ಎಸ್‌ಎಸ್‌ಡಿಗೇ ಸರಿಸಿ ಅಲ್ಲೇ ಬಿಟ್ಟೆ. ಈಗಿನ ದೊಡ್ಡ ಗೇಮ್‌ಗಳಿಗೆ ಹಾರ್ಡ್ ಡಿಸ್ಕ್ ಸಾಲದು, ಅದು ಹಳೇ ಗೇಮ್ ಮತ್ತು ಬ್ಯಾಕಪ್ ಇಡೋಕೆ ಸರಿ.

ದಾರಿಯಲ್ಲಿ ಸಿಕ್ಕಿದ ಚಿಲ್ಲರೆ

ಮಾನಿಟರ್ 144 ಹರ್ಟ್ಜ್‌ನದು, ವಿಂಡೋಸ್‌ನ ಡಿಸ್‌ಪ್ಲೇ ಸೆಟ್ಟಿಂಗ್‌ನಲ್ಲಿ 60ಕ್ಕೇ ಇತ್ತು. ವಿಂಡೋಸ್ ಹೊಸದಾಗಿ ಹಾಕಿದಾಗ ಹೀಗಾಗುವುದು ಸಾಮಾನ್ಯ.

ಒಂದು ಹಳೇ ಗೇಮ್ ತೆರೆದರೆ ಡಿ3ಡಿಎಕ್ಸ್9_43 ಡಿಎಲ್‌ಎಲ್ (ಗೇಮ್ ಬಳಸುವ ಒಂದು ಸಹಾಯಕ ಫೈಲ್) ಇಲ್ಲ ಅಂತ ಬಂತು. ದಯವಿಟ್ಟು ಡಿಎಲ್‌ಎಲ್ ಹೆಸರು ಹುಡುಕಿ ಸಿಕ್ಕ ಸಿಕ್ಕ ಸೈಟ್‌ನಿಂದ ಇಳಿಸಬೇಡಿ, ಜೊತೆಗೆ ಏನು ಬರುತ್ತದೋ ಗೊತ್ತಿಲ್ಲ. ಇದಕ್ಕೆ ಮೈಕ್ರೋಸಾಫ್ಟ್‌ನದೇ ಜೂನ್ 2010ರ ಡೈರೆಕ್ಟ್‌ಎಕ್ಸ್ ರನ್‌ಟೈಮ್ ಇದೆ. ಡೈರೆಕ್ಟ್‌ಎಕ್ಸ್ 12 ಇದ್ದರೂ ಇದನ್ನು ಬೇರೆಯಾಗಿ ಹಾಕಬೇಕು, ಹಳೇ ಫೈಲ್‌ಗಳು ವಿಂಡೋಸ್ ಜೊತೆ ಬರುವುದಿಲ್ಲ. ವಿಸಿ ರನ್‌ಟೈಮ್ 140 ಇಲ್ಲ ಅಂದರೆ ವಿಷುವಲ್ ಸಿ ಪ್ಲಸ್ ಪ್ಲಸ್ ಪ್ಯಾಕೇಜ್, 32 ಬಿಟ್ ಮತ್ತು 64 ಬಿಟ್ ಎರಡೂ ಹಾಕಿ. ಸಿ ಇಂದ ಶುರುವಾಗಿ ನಡುವೆ ಸಾಲು ಸೊನ್ನೆ ಬಂದು 7ಬಿಯಲ್ಲಿ ಮುಗಿಯುವ ಎರರ್ ಬಂದರೂ ಹೆಚ್ಚಾಗಿ ಇದೇ ಕಥೆ, 64 ಬಿಟ್ ಗೇಮ್‌ಗೆ 32 ಬಿಟ್ ಫೈಲ್ ಸಿಕ್ಕಿರುತ್ತದೆ.

ಸೇವ್ ಆಗುತ್ತಿಲ್ಲ ಅನ್ನುವ ಇನ್ನೊಂದು ಹಳೇ ಗೇಮ್. ಇದಕ್ಕೆ ಕಾರಣ ಯೂಸರ್ ಫೋಲ್ಡರ್‌ನ ಹೆಸರು ಕನ್ನಡ ಅಕ್ಷರದಲ್ಲಿದ್ದದ್ದು. ಯೂನಿಕೋಡ್ ಲೆಕ್ಕಕ್ಕೆ ಇಟ್ಟುಕೊಳ್ಳದ ಗೇಮ್‌ಗೆ ಆ ದಾರಿ ಓದಲು ಬರುವುದಿಲ್ಲ, ಎರರ್ ಕೂಡ ಹೇಳದೆ ಸುಮ್ಮನಿರುತ್ತದೆ. ಫೋಲ್ಡರ್ ಹೆಸರು ನೇರವಾಗಿ ಬದಲಿಸಲು ಹೋದರೆ ವಿಂಡೋಸ್ ಕೆಡುತ್ತದೆ. ಇಂಗ್ಲಿಷ್ ಅಕ್ಷರದ ಹೆಸರಿನಲ್ಲಿ ಇನ್ನೊಂದು ಲೋಕಲ್ ಅಕೌಂಟ್ ಮಾಡಿ, ಆ ಗೇಮ್ ಅಲ್ಲಿಂದ ಆಡುವಂತೆ ಮಾಡಿದೆ. ಹೆಸರು ಸರಿ ಇದ್ದೂ ಸೇವ್ ಆಗದಿದ್ದರೆ ವಿಂಡೋಸ್ ಸೆಕ್ಯೂರಿಟಿಯ ಕಂಟ್ರೋಲ್ಡ್ ಫೋಲ್ಡರ್ ಆಕ್ಸೆಸ್ ಆನ್ ಇದೆಯಾ ನೋಡಿ, ಡಾಕ್ಯುಮೆಂಟ್ಸ್‌ಗೆ ಬರೆಯಲು ಅದು ಗೇಮನ್ನು ಬಿಡುವುದಿಲ್ಲ.

ಹಾಂ, ಸೇವ್ ಫೈಲ್ ಬಗ್ಗೆ ಇನ್ನೊಂದು. ಗೇಮ್ ಅನ್‌ಇನ್‌ಸ್ಟಾಲ್ ಮಾಡುವ ಮುಂಚೆ ಸೇವ್ ಫೋಲ್ಡರ್ ಕಾಪಿ ಮಾಡಿಟ್ಟುಕೊಳ್ಳಿ. ಮತ್ತೆ ಹಾಕಿದಾಗ ಕ್ಲೌಡ್‌ನದು ಬೇಕಾ, ಈ ಪಿಸಿಯದು ಬೇಕಾ ಅಂತ ಕೇಳಿದರೆ ಅವಸರದಲ್ಲಿ ಒತ್ತದೆ ತಾರೀಖು ಓದಿ. ಹೊಸದಾಗಿ ತೆರೆದ ಖಾಲಿ ಸೇವ್‌ನ ತಾರೀಖೇ ಇವತ್ತಿನದಾಗಿರುತ್ತದೆ, “ಹೊಸದು” ಅಂತ ಅದನ್ನೇ ಆರಿಸಿದರೆ ಹಳೆಯದೆಲ್ಲ ಹೋಯಿತು.

ಬಾಕಿ ಇರುವುದು: ಕಂಟ್ರೋಲರ್

ಎಡಗಡೆಯ ಸ್ಟಿಕ್ ಮುಟ್ಟದಿದ್ದರೂ ಪಾತ್ರ ತಾನೇ ನಡೆಯುತ್ತದೆ. ಬ್ರೌಸರ್‌ನ ಗೇಮ್‌ಪ್ಯಾಡ್ ಟೆಸ್ಟರ್‌ನಲ್ಲಿ ನೋಡಿದಾಗ, ಸುಮ್ಮನೆ ಇಟ್ಟಾಗ ಸೊನ್ನೆಯ ಹತ್ತಿರ ಇರಬೇಕಾದ ಅಂಕಿ 0.09ರ ಸುತ್ತ ಕುಣಿಯುತ್ತಿತ್ತು. ಸದ್ಯಕ್ಕೆ ಸ್ಟೀಮ್ ಇನ್‌ಪುಟ್‌ನಲ್ಲಿ ಡೆಡ್‌ಝೋನ್ (ಸ್ಟಿಕ್ ಅಲುಗಿದರೂ ಲೆಕ್ಕಕ್ಕೆ ಬಾರದ ಭಾಗ) ಅದಕ್ಕಿಂತ ಸ್ವಲ್ಪ ಮೇಲೆ ಇಟ್ಟಿದ್ದೇನೆ, ನಡೆಯುವುದು ನಿಂತಿದೆ, ಆದರೆ ಮೆಲ್ಲಗೆ ಗುರಿ ಇಡುವಾಗ ಸ್ಟಿಕ್ ಮೊದಲು ಏನೂ ಮಾಡದೆ ಆಮೇಲೆ ಜಿಗಿದ ಹಾಗಾಗುತ್ತದೆ. ಸ್ಟಿಕ್ ಎಷ್ಟು ವಾಲಿದೆ ಅಂತ ಅಳೆಯುವ ಒಳಗಿನ ಪೊಟೆನ್ಷಿಯೋಮೀಟರ್‌ನ ಕಾರ್ಬನ್ ಪಟ್ಟಿ ಸವೆದಿದೆ. ಐಸೊಪ್ರೊಪೈಲ್ ಆಲ್ಕೋಹಾಲ್ ಬಿಟ್ಟು ಸ್ಟಿಕ್ ಸುತ್ತಿಸಿದರೆ ಧೂಳು ಹೋಗಿ ಸ್ವಲ್ಪ ದಿನ ಸರಿ ಇರುತ್ತದೆ, ಸವೆದ ಪಟ್ಟಿ ಮಾತ್ರ ವಾಪಸ್ ಬರುವುದಿಲ್ಲ. ಮಾಡ್ಯೂಲ್ ಬದಲಿಸಬೇಕೆಂದರೆ ಬೋರ್ಡ್‌ನಿಂದ 14 ಕಾಲು ಡಿಸೋಲ್ಡರ್ ಮಾಡಬೇಕು. ಹೊಸದಾಗಿ ಹಾಕುವುದೇ ಆದರೆ ಹಾಲ್ ಎಫೆಕ್ಟ್‌ನದನ್ನೇ ಹಾಕುತ್ತೇನೆ, ಅದರಲ್ಲಿ ಮ್ಯಾಗ್ನೆಟ್ ಮೇಲೆ ಅಳತೆ ನಡೆಯುವುದರಿಂದ ಉಜ್ಜುವ ಪಟ್ಟಿಯೇ ಇಲ್ಲ. ಹಾಕಿದ ಮೇಲೆ ಸೆಂಟರ್ ಕ್ಯಾಲಿಬ್ರೇಷನ್ ಆಗಬೇಕು. ಪಿಸಿ ವಾಪಸ್ ಹೋಗುತ್ತದೆ, ಕಂಟ್ರೋಲರ್ ನನ್ನ ಹತ್ತಿರವೇ ಉಳಿಯುತ್ತದೆ, ಮಾಡ್ಯೂಲ್ ಬಂದ ಮೇಲೆ ಅದರ ಕೆಲಸ.